ಹಿಡಿಯೋಕೆ ‘ಸೇಫ್’ ಜಾಗಾನೇ ಇಲ್ಲದ ಹಾವು (ಉದ್ದ ಕ್ಯಾಪ್ಷನ್ – 9)

ಫೋಟೊದಲ್ಲಿ ಇರೋದು ನಮ್ಮ ಹಾಸ್ಟೆಲ್ ಹಿಂದಿನ ನೀರಿನ ಟ್ಯಾಂಕ್. ಝೂಮ್ ಮಾಡಿ ಹಾವು ಹುಡುಕ್ಬೇಡಿ, ಇಲ್ಲ. ಹಾವಿದ್ದ ವಿಡಿಯೊ ಡಿಲೀಟ್ ಮಾಡಿದೀನಿ. ಮೂರು ಸಾವಿರ ವ್ಯೂಸ್ ಬಂದಿದ್ದನ್ನ ಯಾಕೆ ತೆಗೆದೆ ಅಂತ ತುಂಬ ಜನ ಕೇಳಿದ್ರಿ. ಅದಕ್ಕೇ ಇದು.

ನೋಡಿದವರಿಗೆ ನೆನಪಿರುತ್ತೆ. ನಮ್ಮ ಗ್ಯಾಂಗಿನ ಒಬ್ಬ (ಹೆಸರು ಬೇಡ, ಪಾಪ) ಟ್ಯಾಂಕ್ ಪಕ್ಕದ ಮಣ್ಣಲ್ಲಿ ಸಿಕ್ಕ ಹಾವನ್ನ ತಲೆ ಹಿಂದೆ ಎರಡು ಬೆರಳಲ್ಲಿ ಒತ್ತಿ ಹಿಡಿದು, ‘ಹಿಂಗೆ ಹಿಡಿದ್ರೆ ಏನೂ ಮಾಡಲ್ಲ ಮಗಾ’ ಅಂದಿದ್ದ. ಶೂಟ್ ಮಾಡಿದ್ದು ನಾನು. ‘ಇನ್ನೂ ಸ್ವಲ್ಪ ಹತ್ರ ತಗೊಂಡ್ ಬಾ’ ಅಂದಿದ್ದೂ ನಾನೇ. ಅದು ಮಣ್ಣುಮುಕ್ಕ, ಜನ ಎರಡು ತಲೆ ಹಾವು ಅಂತಾರಲ್ಲ, ಅದು. ವಿಷ ಇಲ್ಲ. ಆದ್ರೆ ಅದು ಗೊತ್ತಾಗಿದ್ದು ವಾರ್ಡನ್ ಬಂದು ಬೈದ ಮೇಲೆ. ಹಿಡಿಯೋ ಹೊತ್ತಿಗೆ ನಮ್ಮಿಬ್ಬರಿಗೂ ಗೊತ್ತಿರಲಿಲ್ಲ.

ಆ ರಾತ್ರಿ ಕಾಸ್ಟ್ ಅಕೌಂಟಿಂಗ್ ಓದೋದು ಬಿಟ್ಟು ಮಣ್ಣೊಳಗಿನ ಹಾವುಗಳ ಬಗ್ಗೆ ಓದ್ತಾ ಕೂತೆ. ಆಗ ಸಿಕ್ಕಿದ್ದು ಆಫ್ರಿಕಾದ ಸ್ಟಿಲೆಟೊ ಹಾವು. ಸ್ಟಿಲೆಟೊ ಅಂದ್ರೆ ಸಣ್ಣ, ಚೂಪು ಬಾಕು. ನೋಡೋಕೆ ಏನೂ ಇಲ್ಲ ಕಣ್ರೀ. ಕಂದು ಇಲ್ಲವೇ ಕಪ್ಪು ಬಣ್ಣ, ಸಣ್ಣ ತಲೆ, ಚುಕ್ಕೆ ಕಣ್ಣು, ಹೆಚ್ಚಿನವು ಅರ್ಧ ಮೀಟರ್ ಆಸುಪಾಸು. ಹೆಡೆ ಇಲ್ಲ. ಮಣ್ಣಲ್ಲೇ ವಾಸ, ಮಳೆ ಬಿದ್ದ ರಾತ್ರಿ ಮೇಲೆ ಬರುತ್ತೆ. ಅಲ್ಲಿನ ಜನ ಯಾವುದೋ ಪಾಪದ ಹಾವು ಅಂದ್ಕೊಂಡು ಎತ್ತಿ ಹಿಡೀತಾರೆ, ನಮ್ಮ ಹುಡುಗನ ಥರಾನೇ, ತಲೆ ಹಿಂದೆ.

ಅಲ್ಲೇ ಇರೋದು ಆಟ. ಬಿಲದೊಳಗೆ ಇಲಿಮರಿ, ಹಲ್ಲಿ ಜಾತಿಯ ಪ್ರಾಣಿ ಹಿಡಿಯುವಾಗ ಬಾಯಿ ಅಗಲಿಸೋಕೆ ಜಾಗ ಎಲ್ಲಿ? ಅದಕ್ಕೆ ಈ ಹಾವು ಬಾಯಿ ತೆರೆಯೋದೇ ಇಲ್ಲ. ಮುಚ್ಚಿದ ಬಾಯಿಯ ಪಕ್ಕದಿಂದ ಉದ್ದನೆಯ ವಿಷದ ಹಲ್ಲು ಒಂದನ್ನ ಹೊರಗೆ ಚಾಚಿ, ತಲೆಯನ್ನ ಪಕ್ಕಕ್ಕೂ ಹಿಂದಕ್ಕೂ ಜಗ್ಗಿ ತಿವಿಯುತ್ತೆ. ಕಚ್ಚೋದಲ್ಲ, ಚುಚ್ಚೋದು. ಹಾಗಾಗಿ ತಲೆ ಹಿಂದೆ ಒತ್ತಿ ಹಿಡಿದ ಬೆರಳು ಅದಕ್ಕೆ ಕೈಗೆಟುಕೋ ಜಾಗದಲ್ಲೇ ಇರುತ್ತೆ. ನಾವು ‘ಸೇಫ್’ ಅಂದ್ಕೊಂಡ ಹಿಡಿತಾನೇ ಅದಕ್ಕೆ ಅನುಕೂಲ.

ಆಮೇಲೆ? ತಡೆಯೋಕಾಗದ ನೋವು, ಊತ, ಬೊಬ್ಬೆ. ಕೆಲವರಿಗೆ ಚುಚ್ಚಿದ ಜಾಗದ ಮಾಂಸ ಕೊಳೆತು ಬೆರಳನ್ನೇ ಕತ್ತರಿಸಬೇಕಾಗುತ್ತೆ. ಈ ವಿಷಕ್ಕೆ ಆ್ಯಂಟಿವೆನಮ್ ಇಲ್ಲ. ನೋವಿಗೆ ಔಷಧಿ, ಗಾಯಕ್ಕೆ ಆರೈಕೆ ಅಷ್ಟೇ. ದಕ್ಷಿಣ ಆಫ್ರಿಕಾದ ಜಾತಿಯಿಂದ ಸಾಮಾನ್ಯವಾಗಿ ಜೀವ ಹೋಗಲ್ಲ, ಆದ್ರೆ ಇದೇ ಕುಲದ ಬೇರೆ ಕೆಲವು ಜಾತಿಗಳಿಂದ ಸಾವುಗಳೂ ಆಗಿವೆ. ಇಸ್ರೇಲ್ ಕಡೆಯ ಒಂದು ಜಾತಿಯ ವಿಷದಲ್ಲಿ ಸಾರಾಫೊಟಾಕ್ಸಿನ್ ಅಂತ ಇದೆ. ನಮ್ಮ ದೇಹವೇ ರಕ್ತನಾಳ ಬಿಗಿ ಮಾಡೋಕೆ ತಯಾರಿಸೋ ಎಂಡೋಥೆಲಿನ್‌ಗೆ ಅದು ಹೆಚ್ಚುಕಮ್ಮಿ ಅಣ್ಣತಮ್ಮ. ಹೃದಯದ ರಕ್ತನಾಳಗಳನ್ನೇ ಹಿಂಡುತ್ತೆ. ಓದ್ತಾ ಇದ್ದಾಗ ನನ್ನ ಬೆರಳನ್ನ ನಾನೇ ನೋಡ್ಕೊಂಡೆ.

‘ಗುರು, ಆ ಹಾವು ನಮ್ಮೂರಲ್ಲಿ ಇಲ್ವಲ್ಲ’ ಅಂತ ಕಾಮೆಂಟ್ ಹಾಕೋರಿಗೆ: ಹೌದು, ಇಲ್ಲ. ಆಫ್ರಿಕಾ ಮತ್ತು ಮಧ್ಯಪ್ರಾಚ್ಯದಲ್ಲಷ್ಟೇ. ಆದ್ರೆ ಅವರು ಮಾಡಿದ ತಪ್ಪು ಇಲ್ಲಿಗೂ ಬಂದಿದೆ. ನಮ್ಮಲ್ಲಿ ಕಟ್ಟುಹಾವು ಇದೆ. ವಿಷವಿಲ್ಲದ ತೋಳಹಾವಿನ ಮೈಮೇಲೂ ಬಿಳಿ ಪಟ್ಟೆ, ಕಟ್ಟುಹಾವಿನ ಮೈಮೇಲೂ ಬಿಳಿ ಪಟ್ಟೆ. ಟಾರ್ಚ್ ಬೆಳಕಲ್ಲಿ, ಐದು ಜನ ‘ಹಿಡಿ ಹಿಡಿ’ ಅನ್ನೋವಾಗ, ಯಾವುದು ಅಂತ ಹೇಳ್ತೀರಾ? ನಾನಂತೂ ಹೇಳಲಾರೆ. ಕಟ್ಟುಹಾವು ಕಚ್ಚಿದ್ರೆ ಎಷ್ಟೋ ಸಲ ನೋವೂ ಇರಲ್ಲ, ಊತಾನೂ ಇರಲ್ಲ. ‘ಏನೂ ಆಗಿಲ್ಲ’ ಅಂತ ಮಲಗಿದವರಿಗೆ ರೆಪ್ಪೆ ಜೋತು ಬಿದ್ದು, ಆಮೇಲೆ ಉಸಿರೇ ಕಟ್ಟುತ್ತೆ.

2000ರಿಂದ 2019ರವರೆಗೆ ಭಾರತದಲ್ಲಿ ಹಾವು ಕಚ್ಚಿ ಸತ್ತವರು ಸುಮಾರು 12 ಲಕ್ಷ ಅಂತ ಒಂದು ದೊಡ್ಡ ಅಧ್ಯಯನದ ಅಂದಾಜು. 2024ರಲ್ಲಿ ನಮ್ಮ ರಾಜ್ಯ ಹಾವು ಕಡಿತದ ಕೇಸುಗಳನ್ನ ಆಸ್ಪತ್ರೆಗಳು ಸರ್ಕಾರಕ್ಕೆ ತಿಳಿಸಲೇಬೇಕು ಅಂತ ಮಾಡಿದೆ. ಸತ್ತವರಲ್ಲಿ ಹೆಚ್ಚಿನವರು ಹೊಲದಲ್ಲಿ ಕೆಲಸ ಮಾಡೋ ಹಳ್ಳಿ ಜನ, ನಮ್ಮ ಅಪ್ಪ ಅಮ್ಮನಂಥವರು. ಅವರಿಗೆ ಬೇರೆ ದಾರಿ ಇರಲಿಲ್ಲ. ನಮಗೆ ಇತ್ತು, ನಾವು ರೀಲ್‌ಗೋಸ್ಕರ ಹೋಗಿ ಕೈ ಹಾಕಿದ್ವಿ. ಬಿಕಾಂ ಓದ್ತಾ ಈ ಲೆಕ್ಕ ಹೊಳೀಲಿಲ್ವಲ್ಲ ಅಂತ ನನಗೇ ನಾಚಿಕೆ.

ಯಾರಿಗಾದ್ರೂ ಕಚ್ಚಿದ್ರೆ 108ಕ್ಕೆ ಫೋನ್ ಮಾಡಿ, ಇಲ್ಲ ಸಿಕ್ಕ ಗಾಡಿಯಲ್ಲಿ ಆಸ್ಪತ್ರೆಗೆ ಹೊರಡಿ. ಕೈಕಾಲು ಅಲ್ಲಾಡಿಸ್ಬಾರ್ದು, ಉಂಗುರ, ವಾಚು ಬಿಚ್ಚಿ. ಕುಯ್ಯೋದು, ಬಾಯಲ್ಲಿ ಹೀರೋದು, ಹಗ್ಗ ಬಿಗಿಯೋದು ಬೇಡ್ವೇ ಬೇಡ. ಹಾವನ್ನ ಹಿಡಿದು ಡಾಕ್ಟರಿಗೆ ತೋರಿಸೋ ಹುಚ್ಚೂ ಬೇಡ. ಮಣ್ಣುಮುಕ್ಕನನ್ನ ಹಿಡಿಯೋದೂ ವನ್ಯಜೀವಿ ಕಾಯ್ದೆ ಪ್ರಕಾರ ಅಪರಾಧ, ಅದನ್ನೂ ಆಮೇಲೆ ತಿಳ್ಕೊಂಡೆ.

ವಿಡಿಯೊದ ಹೀರೊ ನಿನ್ನೆ ಮೆಸೇಜ್ ಮಾಡಿದ್ದ, ‘ಯಾಕೋ ತೆಗ್ದೆ, ಒರಿಜಿನಲ್ ನಂಗಾದ್ರೂ ಕಳ್ಸು.’ ಕಳಿಸಿಲ್ಲ. ಸಂಜೆ ಕ್ಯಾಂಟೀನಲ್ಲಿ ಸಿಗ್ತಾನೆ. ಮೊದಲು ಇದನ್ನ ಪೂರ್ತಿ ಓದಿಸ್ತೀನಿ, ಆಮೇಲೆ ಟೀ ನನ್ನ ಲೆಕ್ಕಕ್ಕೆ.