ಮೇಜಿನ ಆಚೆ ಬದಿ

ಫ್ರೆಡರಿಕ್ ವೈಸ್‌ಮನ್ ಅವರ ‘ವೆಲ್ಫೇರ್’ (1975) ಸಾಕ್ಷ್ಯಚಿತ್ರವನ್ನು ನಾನು ನೋಡಿದ್ದು ನಿವೃತ್ತಿಯ ನಂತರ. ನ್ಯೂಯಾರ್ಕಿನ ನೆರವು ಕಚೇರಿಯೊಂದರಲ್ಲಿ ಅರ್ಜಿದಾರರು ಮೇಜಿನಿಂದ ಮೇಜಿಗೆ ಅಲೆಯುತ್ತಾರೆ. ನಿರೂಪಣೆಯಿಲ್ಲ, ಸಂದರ್ಶನವಿಲ್ಲ, ಹಿನ್ನೆಲೆ ಸಂಗೀತವೂ ಇಲ್ಲ. ಒಂದು ಕಾಲಕ್ಕೆ ಕಾನೂನು ಬೋಧಿಸುತ್ತಿದ್ದ ವೈಸ್‌ಮನ್, ‘ಟಿಟಿಕಟ್ ಫಾಲೀಸ್’ನಿಂದ (1967) ‘ಸಿಟಿ ಹಾಲ್’ವರೆಗೆ (2020) ಸಂಸ್ಥೆಗಳನ್ನು ಹೀಗೆಯೇ ದಿಟ್ಟಿಸಿದರು. ಮೊದಲ ಚಿತ್ರದ ಸಾರ್ವಜನಿಕ ಪ್ರದರ್ಶನಕ್ಕೆ ನ್ಯಾಯಾಲಯದ ನಿರ್ಬಂಧವಿತ್ತು. ಅದು ತೆರವಾದದ್ದು 1991ರಲ್ಲಿ.

ಅವರ ಚಿತ್ರ ಯಾವ ಗುಮಾಸ್ತನನ್ನೂ ಖಳನಾಗಿಸುವುದಿಲ್ಲ. ನಿಯಮ ಪಾಲಿಸುವವರ ನಡುವೆಯೇ ಅನ್ಯಾಯ ನಡೆದುಹೋಗುತ್ತದೆ. ‘ನಾಳೆ ಬನ್ನಿ’ ಎಂದು ನಾನೂ ಎಷ್ಟೋ ಬಾರಿ ಹೇಳಿದ್ದೇನೆ. ಅರ್ಥಶಾಸ್ತ್ರ ಓದಿದ್ದರೂ, ಆ ‘ನಾಳೆ’ಗಾಗಿ ಬಡವನು ತೆತ್ತ ದಿನಗೂಲಿಯನ್ನು ಯಾವ ಕಡತದಲ್ಲೂ ಲೆಕ್ಕಕ್ಕೆ ಹಿಡಿಯಲಿಲ್ಲ. ತರಬೇತಿಯಲ್ಲಿರುವ ಅಧಿಕಾರಿಗಳಿಗೆ ಈ ಚಿತ್ರ ತೋರಿಸಬೇಕು; ಮರುದಿನ ಅವರನ್ನು ಹೆಸರು ಹೇಳದೆ ಒಂದು ಸರದಿಯಲ್ಲಿ ನಿಲ್ಲಿಸಬೇಕು.