ಅಟ್ಟವೂ ಒಂದು ಕಾರ್ಖಾನೆ

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಸೀಮೆಯ ತೆಂಗು ಬೆಳೆಗಾರರಿಗೆ, ಕಾಯಿ ಸುಲಿಯುವವರಿಗೆ, ಕೊಬ್ಬರಿ ಬಿಡಿಸುವ ತಾಯಂದಿರಿಗೆ, ಪುಡಿ ಕಾರ್ಖಾನೆ ನಡೆಸುವವರಿಗೆ



2023ರ ಕೊನೆ, 2024ರ ಶುರುವಿನ ದಿನಗಳನ್ನು ನಾವು ಯಾರೂ ಮರೆತಿಲ್ಲ. ಉಂಡೆ ಕೊಬ್ಬರಿಗೆ ಕೇಂದ್ರ ಸರ್ಕಾರ ಗೊತ್ತು ಮಾಡಿದ ಬೆಂಬಲ ಬೆಲೆ 2023ಕ್ಕೆ ಕ್ವಿಂಟಾಲಿಗೆ 11,750 ರೂಪಾಯಿ, 2024ಕ್ಕೆ 12,000. ತಿಪಟೂರು ಮಾರುಕಟ್ಟೆಯ ಧಾರಣೆ ಮಾತ್ರ ಹತ್ತು ಸಾವಿರದ ಕೆಳಗೇ ತೆವಳುತ್ತಿತ್ತು. ಬೆಂಬಲ ಬೆಲೆಗೆ ಕೊಳ್ಳುವ ನಫೆಡ್ ಕೇಂದ್ರದಲ್ಲಿ ಹೆಸರು ಬರೆಸಲು ಕತ್ತಲಲ್ಲೇ ಎದ್ದುಹೋಗಿ ಸಾಲಿನಲ್ಲಿ ನಿಂತೆವು. 2025ರಲ್ಲಿ ಅದೇ ಕೊಬ್ಬರಿ 25 ಸಾವಿರ ದಾಟಿತು. ಆಗ ಎಷ್ಟೋ ಮನೆಗಳ ಅಟ್ಟ ಖಾಲಿ! ಕಪ್ಪು ತಲೆ ಹುಳು, ಬಿಳಿನೊಣ, ಕಾಂಡ ಸೋರುವ ರೋಗ ಗೊನೆಗಳನ್ನೇ ಬರಿದು ಮಾಡಿದ್ದವು.

ಬೆಂಬಲ ಬೆಲೆಗೆ ಹೋರಾಡಿದ್ದು ಸರಿ, ಮುಂದೆಯೂ ಹೋರಾಡಬೇಕು. ಆದರೆ ಈ ಕರಪತ್ರ ಕೇಳುವುದು ಇನ್ನೊಂದು ಪ್ರಶ್ನೆ. ಸಾವಿರ ಕಾಯಿ ಅಟ್ಟಕ್ಕೆ ಹಾಕಿದರೆ ಎಷ್ಟು ಒಳ್ಳೆಯ ಉಂಡೆ ಇಳಿಯಿತು, ಎಷ್ಟು ಹೋಳಾಯಿತು, ಎಷ್ಟು ಕೆಟ್ಟು ಕೌಟಾಯಿತು? ಧಾರಣೆ ದೆಹಲಿಯಲ್ಲೋ ರಾಜಸ್ಥಾನದಲ್ಲೋ ಕೊಳ್ಳುವವರ ಕೈಯಲ್ಲಿದೆ. ಈ ಲೆಕ್ಕ ನಮ್ಮ ಕೈಯಲ್ಲಿದೆ. ನಮ್ಮಲ್ಲಿ ಇದನ್ನು ಬರೆದಿಟ್ಟವರು ತೀರಾ ಕಡಿಮೆ.

ಡೇರಿಗೆ ಎರಡು ಲೀಟರ್ ಹಾಲು ಹಾಕಿದರೂ ಫ್ಯಾಟ್ ಎಷ್ಟು ಬಂತು ಎಂದು ಚೀಟಿ ನೋಡುತ್ತೇವೆ. ಕಮ್ಮಿ ಬಂದರೆ ಹಿಂಡಿ ಬದಲಾಯಿಸುತ್ತೇವೆ. ಹತ್ತು ತಿಂಗಳು ಕಾದು ಇಳಿಸುವ ಕೊಬ್ಬರಿಗೆ ಮಾತ್ರ ಚೀಟಿಯೇ ಇಲ್ಲ.

ನಮ್ಮ ಬಲ ಏನೆಂಬುದನ್ನು ಮೊದಲು ತಿಳಿಯೋಣ. ತಮಿಳುನಾಡಿನ ಕಾಂಗೇಯಂನವರು ಕಾಯಿ ಒಡೆದು ಬಿಸಿಲಿಗೆ ಹರವಿ, ಕೆಲವೇ ದಿನದಲ್ಲಿ ಎಣ್ಣೆ ಕೊಬ್ಬರಿ ಮಾಡುತ್ತಾರೆ. ಫಿಲಿಪ್ಪೀನ್ಸ್, ಇಂಡೋನೇಷ್ಯಾ, ಶ್ರೀಲಂಕಾದವರು ಕೊಬ್ಬರಿ ಪುಡಿಯನ್ನು ಹಡಗುಗಟ್ಟಲೆ ಮಾರುತ್ತಾರೆ. ಆದರೆ ಬಲಿತ ಕಾಯಿಯನ್ನು ಮಟ್ಟೆ ಸಮೇತ ಎಂಟರಿಂದ ಹನ್ನೆರಡು ತಿಂಗಳು ನೆರಳಲ್ಲಿಟ್ಟು, ಒಳಗಿನ ನೀರು ತಾನೇ ಇಂಗಿ, ಗಿಟುಕು ಚಿಪ್ಪು ಬಿಟ್ಟು ಗಲಗಲ ಎನ್ನುವವರೆಗೆ ಕಾಯುವ ವಿದ್ಯೆ ನಮ್ಮ ಸೀಮೆಯದು. ತಿಪಟೂರು ಟಾಲ್ ತಳಿ, ಒಣ ಹವೆ, ಹಿರಿಯರ ಅಟ್ಟ ಮೂರೂ ಸೇರಿ ಕಟ್ಟಿದ ಬಲ ಇದು. ಬೇರೆಯವರು ನಾಳೆ ಬೆಳಿಗ್ಗೆ ಇದನ್ನು ಕಲಿತು ನಮ್ಮ ಮೇಲೆ ಬೀಳಲಾರರು. ನಾವೇ ಕೆಡಿಸಿಕೊಂಡರೆ ಕೆಡುತ್ತದೆ, ಅಷ್ಟೆ.

ಕೆಡುವುದು ಹೇಗೆಂದು ನಮ್ಮ ಜಿಲ್ಲೆಯೇ ಕಂಡಿದೆ. ತುಮಕೂರಿನ ಎಚ್‌ಎಂಟಿ ಕೈಗಡಿಯಾರ ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿದರೆ ಹೆಣ್ಣು ಕೊಡಲು ಜನ ಮನೆಗೆ ಬರುತ್ತಿದ್ದ ಕಾಲವಿತ್ತು. ಅಲ್ಲಿನ ಕೆಲಸಗಾರರ ಕೈಚಳಕಕ್ಕೆ ಕೊರತೆ ಇರಲಿಲ್ಲ. ಬ್ಯಾಟರಿಯ ಕ್ವಾರ್ಟ್ಜ್ ಗಡಿಯಾರವೂ ಎಚ್‌ಎಂಟಿಗೆ ಹೊಸದಲ್ಲ, ತಾನೇ ಮಾಡಿತ್ತು. ಆದರೂ ಕೀಲಿ ಗಡಿಯಾರವನ್ನೇ ನೆಚ್ಚಿ ಕೂತಿತು. 1984ರಲ್ಲಿ ಹುಟ್ಟಿದ ಟೈಟಾನ್ ಪಕ್ಕದ ಹೊಸೂರಿನಲ್ಲಿ ಕ್ವಾರ್ಟ್ಜನ್ನೇ ಹಿಡಿದು ಮುಂದೆ ಹೋಯಿತು. 2016ರಲ್ಲಿ ಎಚ್‌ಎಂಟಿ ಗಡಿಯಾರ ಕಂಪನಿಯನ್ನು ಮುಚ್ಚಲು ಕೇಂದ್ರ ಸಚಿವ ಸಂಪುಟ ತೀರ್ಮಾನಿಸಿತು. ಹೆಸರಿದೆ ಎಂಬ ಧೈರ್ಯದಲ್ಲಿ ತಯಾರಿಕೆಯ ಕಡೆ ಕಣ್ಣು ಮುಚ್ಚಿದರೆ ಏನಾಗುತ್ತದೆ ಎಂದು ನೋಡಲು ನಾವು ದೂರ ಹೋಗಬೇಕಿಲ್ಲ.

ಇನ್ನೊಂದೆಡೆ, ಬೆಂಗಳೂರಿನಾಚೆ ಬಿಡದಿಯಲ್ಲಿ 1999ರ ಕೊನೆಯಿಂದ ಟೊಯೊಟಾ ಕಾರುಗಳು ತಯಾರಾಗುತ್ತಿವೆ. ಆ ಕಂಪನಿ ಜಪಾನಿನಲ್ಲಿ ಬೆಳೆದ ಕಥೆಯಲ್ಲಿ ತೈಚಿ ಓನೊ ಎಂಬ ಎಂಜಿನಿಯರ್ ಬರುತ್ತಾರೆ. ಯಂತ್ರ ಕೆಟ್ಟರೆ ರಿಪೇರಿ ಮಾಡಿ ಸುಮ್ಮನಾಗಬೇಡಿ, ‘ಏಕೆ’ ಎಂದು ಐದು ಸಲ ಕೇಳಿ ಎನ್ನುತ್ತಿದ್ದರು. ದುಡ್ಡು ಬೇಡದ ವಿದ್ಯೆ ಇದು. ನನ್ನ ಮನೆಯ ಕೊಬ್ಬರಿ ಲಾಟಿನ ಮೇಲೆ ಇದನ್ನು ಮಾಡಿ ನೋಡಿದೆ.

ಲಾಟು ಕಮ್ಮಿ ಧಾರಣೆಗೆ ಹೋಯಿತು. ಏಕೆ? ಮಾದರಿಗೆ ತೆಗೆದ ಗಿಟುಕಿನಲ್ಲಿ ಕೌಟು ಸಿಕ್ಕಿತು. ಕೌಟಾಗಿದ್ದು ಏಕೆ? ಒಳಚಿಪ್ಪು ಬಿರಿದ ಕಾಯಿ ಅಟ್ಟ ಸೇರಿ ಬೂಷ್ಟು ಹಿಡಿದಿತ್ತು. ಬಿರಿದದ್ದೇಕೆ? ಬದುವಿನ ಕಲ್ಲಿನ ಮೇಲೆ ಗೊನೆ ಕೆಡವಿದ್ದರು. ಬಿರಿದ ಕಾಯನ್ನು ಆರಿಸಲಿಲ್ಲವೇಕೆ? ಕೆಡವಿದ ದಿನವೇ ಹೊತ್ತು ಮುಳುಗುವುದರೊಳಗೆ ಎಲ್ಲವನ್ನೂ ಮೇಲೇರಿಸಿದ್ದೆವು. ಅಷ್ಟು ಆತುರವೇಕೆ? ಆಳು ಸಿಕ್ಕಿದ್ದು ಅದೊಂದೇ ದಿನ, ಮಾರನೆಯ ದಿನ ಅವರು ಪಕ್ಕದ ತೋಟಕ್ಕೆ ಹೋಗಬೇಕಿತ್ತು.

ದಲ್ಲಾಳಿಯನ್ನು ಬೈದುಕೊಂಡು ಮನೆಗೆ ಬಂದವನು ನಾನು. ಐದನೆಯ ‘ಏಕೆ’ಗೆ ಬಂದಾಗ ಉತ್ತರ ನನ್ನ ಬೇಲಿಯ ಪಕ್ಕದಲ್ಲೇ ಇತ್ತು. ಈಗ ನಾಲ್ಕು ಮನೆಯವರು ಕೂತು ಕಾಯಿ ಕೆಡವುವ ದಿನಗಳನ್ನು ಮೊದಲೇ ಹಂಚಿಕೊಳ್ಳುತ್ತೇವೆ. ಕೆಡವಿದ ಕಾಯಿ ಎರಡು ದಿನ ನೆರಳಲ್ಲಿರುತ್ತದೆ. ಅಲ್ಲಾಡಿಸಿದರೆ ನೀರಿನ ಸದ್ದಿಲ್ಲದ್ದು, ಮಟ್ಟೆ ಒದ್ದೆಯಾದದ್ದು, ಎಳೆಗಾಯಿ ಅಟ್ಟ ಹತ್ತುವುದಿಲ್ಲ. ಎಳೆಗಾಯಿಯ ಕೊಬ್ಬರಿ ಸುಕ್ಕುಗಟ್ಟುತ್ತದೆ, ಹತ್ತು ತಿಂಗಳು ಜಾಗ ತಿಂದು ಕೊನೆಗೆ ಲಾಟಿನ ಮಾನ ಕಳೆಯುತ್ತದೆ.

ಅಟ್ಟದ ಒಳಗೂ ನೋಡಿ. ಹಳೆಯ ಕಾಯಿಯ ಮೇಲೆ ಹೊಸದನ್ನು ಸುರಿಯುವುದು ನಮ್ಮ ಅಭ್ಯಾಸ. ಹೊಸ ಕಾಯಿಯ ತೇವ ಹಳೆಯದಕ್ಕೆ ಇಳಿಯುತ್ತದೆ. ಇಳಿಸುವಾಗ ಮೇಲಿನದು ಮೊದಲು ಕೈಗೆ ಬರುತ್ತದೆ, ತಳದ್ದು ಎರಡು ವರ್ಷ ಕೂತಿರುತ್ತದೆ. ಬಿದಿರಿನ ತಡಿಕೆಯಿಂದ ಅಟ್ಟವನ್ನು ನಾಲ್ಕು ಅಂಕಣ ಮಾಡಿ, ತಿಂಗಳನ್ನು ಸೀಮೆಸುಣ್ಣದಲ್ಲಿ ಬರೆಯಿರಿ. ಮೊದಲು ಹತ್ತಿದ್ದು ಮೊದಲು ಇಳಿಯಲಿ. ಮಳೆಗಾಲಕ್ಕೆ ಮುಂಚೆ ಹೆಂಚು ತಿರುವಿಸಿ.

ಇನ್ನೊಂದು ಮಾತನ್ನು ಒತ್ತಿ ಹೇಳಬೇಕು. ಟೊಯೊಟಾ ಕಾರ್ಖಾನೆಯಲ್ಲಿ ದೋಷ ಕಂಡ ಕೆಲಸಗಾರ ಪಕ್ಕದ ಹಗ್ಗ ಎಳೆದರೆ ಮೇಲ್ವಿಚಾರಕ ಓಡಿ ಬರುತ್ತಾನೆ. ಅಲ್ಲೇ ಸರಿಹೋಗದಿದ್ದರೆ ಸಾಲೇ ನಿಲ್ಲುತ್ತದೆ. ನಮ್ಮ ಅಂಗಳದಲ್ಲಿ ದೋಷವನ್ನು ಮೊದಲು ಕಾಣುವವರು ಯಾರು? ಚಿಪ್ಪು ಒಡೆದು ಗಿಟುಕು ಬಿಡಿಸುವ ಹೆಣ್ಣುಮಕ್ಕಳು. ಯಾವ ಅಂಕಣದ ಕಾಯಿ ಕೌಟು, ಯಾವುದರಲ್ಲಿ ಉಂಡೆ ಬಿರಿಯುತ್ತಿದೆ ಎಂದು ಅವರ ಬೆರಳಿಗೆ ಗೊತ್ತು. ‘ಅಕ್ಕಾ, ಇವತ್ತಿನದು ಹೇಗಿದೆ?’ ಎಂದು ನಾವು ಕೇಳಿದ್ದೇವೆಯೇ? ಸಾವಿರಕ್ಕಿಷ್ಟು ಎಂದು ಕೂಲಿ ಗೊತ್ತು ಮಾಡಿ ಬೇಗ ಮುಗಿಸಿ ಎನ್ನುತ್ತೇವೆ. ಬೇಗ ಮುಗಿಸಲು ಹೋದರೆ ಉಂಡೆ ಹೋಳಾಗುತ್ತದೆ, ಅವರ ಕೈಯೂ ಗಾಯವಾಗುತ್ತದೆ. ಇಡೀ ಉಂಡೆಗೆ ಮೇಲೊಂದಿಷ್ಟು ಕೂಲಿ ಸೇರಿಸಿ. ಕೂರಲು ಮಣೆ, ಹರಿತವಾದ ಕತ್ತಿ, ಒಳ್ಳೆಯ ಬೆಳಕು ಕೊಡಿ. ಉಂಡೆಗೂ ಹೋಳಿಗೂ ಧಾರಣೆಯಲ್ಲಿರುವ ವ್ಯತ್ಯಾಸ ನೋಡಿದವರು ಇದನ್ನು ಖರ್ಚು ಎನ್ನಲಾರರು.

ಉಂಡೆಗಳನ್ನು ಗಾತ್ರದ ಮೇಲೆ ಬೇರೆ ಮಾಡಿ, ಕೌಟನ್ನು ತೆಗೆದಿಟ್ಟು, ತೇವಾಂಶ ನೋಡಿ ಚೀಲ ಹೊಲಿಯಿರಿ. ಹರಾಜಿನಲ್ಲಿ ಒಬ್ಬನ ಮೂರು ಚೀಲಕ್ಕೆ ಧ್ವನಿ ಇಲ್ಲ. ಒಂದೇ ದರ್ಜೆಯ ಐವತ್ತು ಚೀಲವನ್ನು ಹತ್ತು ಮನೆಯವರು ಒಟ್ಟಿಗೆ ಇಟ್ಟರೆ ಕೊಳ್ಳುವವರು ನಿಂತು ನೋಡುತ್ತಾರೆ. ತೇವಾಂಶ ಮಾಪಕವನ್ನು ಒಬ್ಬೊಬ್ಬರೇ ಕೊಳ್ಳಬೇಕಿಲ್ಲ, ಊರಿಗೊಂದು ಸಾಕು. ತರಬೇತಿ ಬೇಕಾದವರಿಗೆ ಕೊನೇಹಳ್ಳಿಯ ಕೃಷಿ ವಿಜ್ಞಾನ ಕೇಂದ್ರ ಹತ್ತಿರದಲ್ಲೇ ಇದೆ.

ಪುಡಿ ಕಾರ್ಖಾನೆಯ ಮಾಲೀಕರಿಗೂ ಒಂದು ಮಾತು. ನಿಮ್ಮ ಪುಡಿ ಸಿಹಿತಿಂಡಿಯೊಳಗೆ ಬೇಯದೆಯೇ ಮಕ್ಕಳ ಬಾಯಿಗೆ ಹೋಗಬಹುದು. 1953ರಲ್ಲಿ ಪಪುವಾದಿಂದ ಹೋದ ಕೊಬ್ಬರಿ ಪುಡಿಯಿಂದ ಆಸ್ಟ್ರೇಲಿಯಾದಲ್ಲಿ ಟೈಫಾಯ್ಡ್ ಹರಡಿತ್ತು. ಕಾಯಿ ತೊಳೆಯುವ ನೀರು, ಕೆಲಸಗಾರರ ಕೈ, ಒಣಗಿಸುವ ಬಿಸಿ, ಈ ಮೂರನ್ನು ದಿನದಿನವೂ ಬರೆದಿಡಿ. ಚರಂಡಿಗೆ ಬಿಡುತ್ತಿರುವ ಬಲಿತ ಕಾಯಿಯ ನೀರು ವಿನೆಗರ್ ಆಗಬಲ್ಲದು. ಬಿಟ್ಟರೆ ಊರಿನ ಕೆರೆಗೆ ನಾತ. ಚಿಪ್ಪು ಇದ್ದಿಲಾಗಿ, ಮಟ್ಟೆ ನಾರಾಗಿ ಬೇರೆ ಊರಿನಲ್ಲಿ ದುಡ್ಡು ಹುಟ್ಟಿಸುತ್ತಿವೆ. ಲಾರಿ ತುಂಬಿ ಕಳಿಸುವ ಮುನ್ನ ಅದರ ಲೆಕ್ಕವನ್ನೂ ಒಮ್ಮೆ ಹಾಕಿ.

ಈ ಕರಪತ್ರದ ಹಿಂಬದಿಯನ್ನು ಖಾಲಿ ಬಿಟ್ಟಿದ್ದೇವೆ. ಐದು ಗೀಟು ಎಳೆದುಕೊಳ್ಳಿ: ಅಟ್ಟಕ್ಕೆ ಹಾಕಿದ ತಿಂಗಳು, ಕಾಯಿ ಎಷ್ಟು, ಉಂಡೆ ಎಷ್ಟು, ಹೋಳು ಎಷ್ಟು, ಕೌಟು ಎಷ್ಟು. ಅಟ್ಟದ ಕಂಬಕ್ಕೆ ಅಂಟಿಸಿ, ಪೆನ್ಸಿಲನ್ನು ದಾರದಲ್ಲಿ ಕಟ್ಟಿ. ಮುಂದಿನ ಸಲ ಕಾಯಿ ಇಳಿಸಿದ ಮೇಲೆ ಆ ಹಾಳೆ ಹಿಡಿದು ಪಕ್ಕದ ಮನೆಯವರ ಜೊತೆ ಕೂತುಕೊಳ್ಳಿ. ಅವರ ಹಾಳೆಯನ್ನೂ ತರಲು ಹೇಳಿ.