ಗೈಡ್ ಅಂದ್ರೆ ಟ್ರೈಪಾಡ್ ಅಲ್ಲ

(1/7)

"ಒಂದು ಬಂಡೆ ಸಂದಿ ನೋಡೋಕೆ ನೂರು ಡಾಲರಾ? ಅದೂ ಗೈಡ್ ಇಲ್ದೆ ಒಳಗೆ ಬಿಡಲ್ವಂತೆ. ನಮಗೇನು ಕಣ್ಣಿಲ್ವಾ?"

ಅರಿಝೋನಾಗೆ ಓದೋಕೆ ಬಂದಿರೋ ನಮ್ಮವರ ಯಾವ ಗ್ರೂಪ್ ತೆಗೆದರೂ ಈ ಮಾತು ಇದ್ದೇ ಇರುತ್ತೆ. ಲಾಂಗ್ ವೀಕೆಂಡ್ ಬಂತು ಅಂದ್ರೆ ಪ್ಲಾನ್ ರೆಡಿ. ಬೆಳಗಿನ ಜಾವ ಫೀನಿಕ್ಸ್‌ನಿಂದಲೋ ಲಾಸ್ ವೇಗಸ್‌ನಿಂದಲೋ ಹೊರಡೋದು, ನಾಲ್ಕೂವರೆ ಗಂಟೆ ದಾರಿ, ಪೇಜ್ ಅನ್ನೋ ಪುಟ್ಟ ಊರು, ಮಧ್ಯಾಹ್ನ ಆಂಟಿಲೋಪ್ ಕ್ಯಾನ್ಯನ್, ಸಂಜೆ ಹಾರ್ಸ್‌ಶೂ ಬೆಂಡ್, ರಾತ್ರಿ ವಾಪಸ್. ಒಂದು ದಿನ, ಎರಡು ಜಾಗ, ಇನ್ನೂರು ಫೋಟೋ.

ಹೋಗಬೇಡಿ ಅಂತ ಹೇಳೋಕೆ ಇದನ್ನ ಬರೀತಿಲ್ಲ. ಖಂಡಿತಾ ಹೋಗಿ. ಆದ್ರೆ ಗೈಡ್‌ಗೆ ಕೊಟ್ಟ ದುಡ್ಡು ದಂಡ ಅನ್ನೋ ಈ ಗೊಣಗಾಟ ಇದೆಯಲ್ಲ, ಅದಕ್ಕೆ ನನ್ನ ಪೂರ್ತಿ ವಿರೋಧ ಇದೆ. ಆ ಇಡೀ ದಿನ ನಾವು ಖರ್ಚು ಮಾಡೋದ್ರಲ್ಲಿ ಅತಿ ಹೆಚ್ಚು ಬೆಲೆ ಬಾಳೋದೇ ಆ ಮನುಷ್ಯ. ದಂಡ ಆಗ್ತಿದ್ರೆ ಅದಕ್ಕೆ ಕಾರಣ ನಾವು.

ಕ್ಯಾನ್ಯನ್ ಒಳಗೆ ಟ್ರೈಪಾಡ್, ಸೆಲ್ಫಿ ಸ್ಟಿಕ್ ತರೋ ಹಾಗಿಲ್ಲ ಅಂತ ನಿಯಮ ಇದೆ. ಅದಕ್ಕೆ ನಾವೇನು ಮಾಡಿದ್ವಿ ಗೊತ್ತಾ? ಗೈಡನ್ನೇ ಟ್ರೈಪಾಡ್ ಮಾಡ್ಕೊಂಡ್ವಿ.

ಮುಂದೆ ಓದಿ. ಉದ್ದ ಇದೆ, ಆದ್ರೆ ಟಿಕೆಟ್ ಬುಕ್ ಮಾಡೋ ಮುಂಚೆ ಓದೋದು ಒಳ್ಳೇದು.

(2/7)

ಮೊದಲು "ಗೈಡ್ ಯಾಕೆ?" ಅನ್ನೋ ಪ್ರಶ್ನೆ.

ಆಂಟಿಲೋಪ್ ಕ್ಯಾನ್ಯನ್ ಅಂದ್ರೆ ಮರಳುಗಲ್ಲಿನಲ್ಲಿ ನೀರು ಕೊರೆದಿರೋ ಸೀಳು. ಕೆಲವು ಕಡೆ ಎರಡೂ ಕೈ ಚಾಚಿದರೆ ಎರಡೂ ಗೋಡೆ ಮುಟ್ಟಬಹುದು. ಅಲ್ಲಿನ ಜನ ಮೇಲಿನ ಭಾಗಕ್ಕೆ ಇಟ್ಟಿರೋ ಹೆಸರಿನ ಅರ್ಥವೇ 'ಬಂಡೆಗಳ ನಡುವೆ ನೀರು ಹರಿಯೋ ಜಾಗ'. ಆ ಹೆಸರನ್ನ ಹಳೇ ಕಾಲದ ಕವಿತೆ ಅಂದ್ಕೋಬೇಡಿ. ಅದೊಂದು ಎಚ್ಚರಿಕೆ. ನೀರು ಈಗಲೂ ಅದೇ ದಾರಿಯಲ್ಲಿ ಬರುತ್ತೆ.

ನಮ್ಮ ಕಡೆ ಮಳೆ ಬರೋದು ಗೊತ್ತಾಗುತ್ತೆ. ಮೋಡ ಕಟ್ಟುತ್ತೆ, ಗಾಳಿ ಎದ್ದೇಳುತ್ತೆ, ಮಣ್ಣಿನ ವಾಸನೆ ಬರುತ್ತೆ, ಅಮ್ಮ ಒಣಗಿದ ಬಟ್ಟೆ ತೆಗೀರೋ ಅಂತ ಕೂಗ್ತಾರೆ. ಅರಿಝೋನಾದಲ್ಲೂ ಬೇಸಿಗೆಯ ಮಳೆಗೆ ಮಾನ್ಸೂನ್ ಅಂತಲೇ ಹೆಸರು. ಆದ್ರೆ ಆ ಸೀಳಿನೊಳಗೆ ನಿಂತವರಿಗೆ ಆಕಾಶ ಕಾಣೋದೇ ಒಂದು ಗೆರೆಯಷ್ಟು. ಮಳೆ ಎಷ್ಟೋ ಮೈಲಿ ದೂರದಲ್ಲಿ ಬೀಳುತ್ತೆ, ಗಟ್ಟಿ ನೆಲ ಅದನ್ನ ಕುಡಿಯೋದಿಲ್ಲ, ಅಷ್ಟೂ ನೀರು ಒಂದೇ ಸೀಳಿಗೆ ನುಗ್ಗುತ್ತೆ.

1997ರ ಆಗಸ್ಟ್ 12ರಂದು ಆಗಿದ್ದು ಇದೇ. ಕೆಳಗಿನ ಕ್ಯಾನ್ಯನ್‌ನಲ್ಲಿದ್ದ 11 ಪ್ರವಾಸಿಗರು ಪ್ರವಾಹಕ್ಕೆ ಸಿಕ್ಕಿ ಸತ್ತರು. ಕ್ಯಾನ್ಯನ್ ಇದ್ದ ಜಾಗದಲ್ಲಿ ಆವತ್ತು ಬಿದ್ದ ಮಳೆ ತೀರಾ ಕಮ್ಮಿ. ಇಳಿಯೋಕೆ ಇದ್ದ ಮರದ ಏಣಿಗಳು ಕೊಚ್ಚಿಹೋದವು. ಆ ನೀರಿಗೆ ಸಿಕ್ಕವರಲ್ಲಿ ಬದುಕಿ ಉಳಿದದ್ದು ಒಬ್ಬರೇ.

ಇವತ್ತು ಅಲ್ಲಿ ಬಂಡೆಗೆ ಬೋಲ್ಟ್ ಹಾಕಿ ಕೂರಿಸಿದ ಏಣಿಗಳಿವೆ, ಹವಾಮಾನ ಇಲಾಖೆಯ ರೇಡಿಯೋ ಇದೆ, ಅಪಾಯದ ಸೈರನ್ ಇದೆ. ಸ್ಥಳೀಯ ಗೈಡ್ ಇಲ್ಲದೆ ಒಳಗೆ ಬಿಡಲ್ಲ ಅನ್ನೋ ನಿಯಮವೂ 1997ರಿಂದಲೇ ಇರೋದು. ಗೂಗಲ್ ಮ್ಯಾಪ್ ದಾರಿ ತೋರಿಸುತ್ತೆ ನಿಜ. ದೂರದ ಮೋಡ ನೋಡಿ "ಈಗಲೇ ಮೇಲೆ ಹತ್ತಿ" ಅಂತ ಅದು ಹೇಳಲ್ಲ.

(3/7)

ಎರಡನೇ ಗೊಣಗಾಟ: "ಪ್ರಕೃತಿ ಎಲ್ಲರದ್ದೂ. ಇವರ್ಯಾರು ಕಾಸು ಕೇಳೋಕೆ?"

ಇವರು ಆ ನೆಲದವರು. ಹೊರಗಿನವರು ಕರೆಯೋ ಹೆಸರು ನವಾಹೋ, ಅವರು ತಮ್ಮನ್ನ ಕರ್ಕೊಳ್ಳೋದು ಡಿನೇ ಅಂತ. ಅವರ ನಾಡು ಸುಮಾರು 70,000 ಚದರ ಕಿ.ಮೀ., ಅಂದ್ರೆ ಕರ್ನಾಟಕದ ಮೂರನೇ ಒಂದು ಪಾಲಿಗಿಂತ ದೊಡ್ಡದು. ಅವರಿಗೆ ಅವರದ್ದೇ ಅಧ್ಯಕ್ಷರು, ಶಾಸನ ಸಭೆ, ನ್ಯಾಯಾಲಯ ಇದೆ. ಆಂಟಿಲೋಪ್ ಅವರ ಬುಡಕಟ್ಟು ಉದ್ಯಾನ. ಅಮೆರಿಕದ ನ್ಯಾಷನಲ್ ಪಾರ್ಕ್ ಪಾಸ್ ಅಲ್ಲಿ ನಡೆಯಲ್ಲ, ನಡೆಯಬೇಕಾಗೂ ಇಲ್ಲ.

1864ರಲ್ಲಿ ಅಮೆರಿಕದ ಸೈನ್ಯ ಈ ಜನರನ್ನ ಮನೆ, ತೋಟ ಎಲ್ಲಾ ಸುಟ್ಟು, ನೂರಾರು ಮೈಲಿ ನಡೆಸಿಕೊಂಡು ನ್ಯೂ ಮೆಕ್ಸಿಕೋದ ಒಂದು ಶಿಬಿರಕ್ಕೆ ಅಟ್ಟಿತು. ದಾರಿಯಲ್ಲೂ ಶಿಬಿರದಲ್ಲೂ ಸತ್ತವರು ಬಹಳ. 1868ರಲ್ಲಿ ಒಪ್ಪಂದ ಮಾಡ್ಕೊಂಡು ಅವರು ತಮ್ಮ ನೆಲಕ್ಕೆ ವಾಪಸ್ ನಡೆದರು. ಹಾಗೆ ಉಳಿಸಿಕೊಂಡ ನೆಲದ ಬಾಗಿಲಲ್ಲಿ ನಿಂತು ನಾವು "ಡಿಸ್ಕೌಂಟ್ ಇಲ್ವಾ?" ಅಂತೀವಿ.

ಇನ್ನೊಂದು ಲೆಕ್ಕವೂ ಇದೆ. ಪೇಜ್ ಪಕ್ಕ ಒಂದು ದೊಡ್ಡ ಕಲ್ಲಿದ್ದಲು ವಿದ್ಯುತ್ ಸ್ಥಾವರ ಇತ್ತು, ನೂರಾರು ನವಾಹೋ ಕುಟುಂಬಗಳಿಗೆ ಅದೇ ಅನ್ನ. 2019ರ ನವೆಂಬರ್‌ನಲ್ಲಿ ಅದು ಮುಚ್ಚಿತು. ನಾಲ್ಕೇ ತಿಂಗಳಿಗೆ ಕೋವಿಡ್ ಬಂತು, ಉದ್ಯಾನಗಳೂ ಬಂದ್. ಆಂಟಿಲೋಪ್ ಮತ್ತೆ ತೆರೆದಿದ್ದು 2021ರ ಬೇಸಿಗೆಯಲ್ಲಿ. ಆ ಊರಿನಲ್ಲಿ ಗೈಡ್ ಕೆಲಸ ಅಂದ್ರೆ ಏನು ಅಂತ ಇದರಿಂದಲೇ ಅರ್ಥ ಮಾಡ್ಕೊಳ್ಳಿ. ನಾವು ನೂರು ಡಾಲರ್ ಜಾಸ್ತಿ ಆಯ್ತು ಅಂತ ಪೋಸ್ಟ್ ಹಾಕೋದು ವೇಗಸ್‌ನಲ್ಲಿ ಒಂದು ರಾತ್ರಿಗೆ ಅದರ ಎರಡರಷ್ಟು ಕಳೆದು ಬಂದ ಮೇಲೆ.

(4/7)

ಈಗ ಟ್ರೈಪಾಡ್ ವಿಷಯ.

ಕೆಲವರು ಹೇಳೋದ್ರಲ್ಲಿ ನಿಜ ಇದೆ, ಅದನ್ನೂ ಕೇಳೋಣ: "ಗೈಡ್ ಏನೂ ಹೇಳಲ್ಲ ಮಗಾ. 'ಇಲ್ಲಿ ನಿಲ್ಲಿ, ಇಲ್ಲಿಂದ ನೋಡಿದ್ರೆ ಕರಡಿ ತರ ಕಾಣುತ್ತೆ, ಫೋನ್ ಕೊಡಿ, ಮುಂದೆ ನಡೀರಿ', ಅಷ್ಟೇ. ತಿರುಪತಿ ಕ್ಯೂ ತರ ತಳ್ತಾರೆ."

ಹೌದು, ತಳ್ತಾರೆ. ಗುಂಪಿನ ಹಿಂದೆ ಗುಂಪು ಬರ್ತಾನೇ ಇರುತ್ತೆ, ಮೇಲಿನ ಕ್ಯಾನ್ಯನ್‌ನಲ್ಲಿ ಮಧ್ಯಾಹ್ನದ ಬೆಳಕಿನ ಕಂಬ ಇಳಿಯೋ ಹೊತ್ತಿಗಂತೂ ಕಾಲಿಡೋಕೆ ಜಾಗ ಇರಲ್ಲ. ಆದ್ರೆ ಗೈಡ್ ಬಾಯಿಂದ ಬರೀ ಫೋಟೋ ಮಾತೇ ಬರೋಕೆ ಕಾರಣ ಯಾರು? ವರ್ಷಗಟ್ಟಲೆ ಬಂದವರೆಲ್ಲಾ ಕೇಳಿದ್ದು ಅದನ್ನೇ. ಚೆನ್ನಾಗಿ ಫೋಟೋ ತೆಗೆದುಕೊಟ್ಟವರಿಗೆ ಐದು ಸ್ಟಾರ್, ಕಥೆ ಹೇಳಿದವರಿಗೆ "ತುಂಬಾ ಮಾತಾಡ್ತಾರೆ" ಅಂತ ರಿವ್ಯೂ. ನಾವು ಕೇಳಿದ್ದನ್ನೇ ಅವರು ಕೊಡೋದು ಕಲಿತರು.

ಫೋಟೋ ತಪ್ಪು ಅಂತ ಹೇಳ್ತಿಲ್ಲ. ಈ ಕ್ಯಾನ್ಯನ್‌ನ ಒಂದು ಕಪ್ಪು-ಬಿಳುಪು ಫೋಟೋವನ್ನ 65 ಲಕ್ಷ ಡಾಲರ್‌ಗೆ ಮಾರಿದ್ದೀನಿ ಅಂತ ಪೀಟರ್ ಲಿಕ್ ಅನ್ನೋ ಛಾಯಾಗ್ರಾಹಕ 2014ರಲ್ಲಿ ಘೋಷಿಸಿದರು. ಅದರಲ್ಲಿ ಇರೋದು ಬೆಳಕು, ಮತ್ತೆ ಗಾಳಿಯಲ್ಲಿ ತೇಲೋ ಧೂಳು. ಬೆಳಕಿನ ಕಂಬ ಕಣ್ಣಿಗೆ ಕಾಣಬೇಕಾದ್ರೆ ಧೂಳು ಬೇಕು. ಎಷ್ಟೋ ಸಲ ಒಂದು ಹಿಡಿ ಮರಳು ಎರಚಿ ಅದನ್ನ ಕಾಣಿಸೋದು ಗೈಡೇ. ಫೋನನ್ನ ಯಾವ ಸೆಟ್ಟಿಂಗ್‌ಗೆ ಇಟ್ಟರೆ ಬಂಡೆ ಕಿತ್ತಳೆ, ನೇರಳೆ ಬಣ್ಣಕ್ಕೆ ತಿರುಗುತ್ತೆ ಅಂತ ಹೇಳಿಕೊಡೋದೂ ಅವರೇ. ಅಂದ್ರೆ ನಿಮ್ಮ ಗೋಡೆ ಮೇಲಿರೋ ಆ 'ಸೂಪರ್ ಶಾಟ್' ಅರ್ಧ ಅವರದ್ದು. ಕ್ಯಾಪ್ಷನ್‌ನಲ್ಲಿ ಅವರ ಬಗ್ಗೆ ಒಂದು ಸಾಲು ಇದೆಯಾ?

(5/7)

ಗೈಡ್ ಇಲ್ಲದಿದ್ರೆ ಏನಾಗುತ್ತೆ ಅಂತ ನೋಡೋಕೆ ದೂರ ಹೋಗಬೇಕಿಲ್ಲ. ಅದೇ ದಿನ ಸಂಜೆಯ ಜಾಗ ನೋಡಿ, ಹಾರ್ಸ್‌ಶೂ ಬೆಂಡ್.

ಪಾರ್ಕಿಂಗ್ ದುಡ್ಡು ಕಟ್ಟಿ ಒಂದು ಕಿ.ಮೀ. ಚಿಲ್ಲರೆ ನಡೆದರೆ ಬಂಡೆಯ ಅಂಚು. ಸುಮಾರು 1,000 ಅಡಿ ಕೆಳಗೆ ಕೊಲರಾಡೋ ನದಿ ಕುದುರೆ ಲಾಳದ ತರ ತಿರುಗುತ್ತೆ. ಜತೆಗೆ ನಿಂತು ಹೇಳೋರು ಯಾರೂ ಇಲ್ಲ. ಅದಕ್ಕೇ ಎಲ್ಲರೂ ಒಂದೇ ಕ್ಯಾಪ್ಷನ್ ಹಾಕ್ತಾರೆ: "ಪಚ್ಚೆ ಹಸಿರು ನೀರು, ಪ್ರಕೃತಿಯ ಅದ್ಭುತ!"

ಆ ಹಸಿರು ಪ್ರಕೃತಿಯದ್ದಲ್ಲ ಕಣ್ರಪ್ಪಾ. ಕೊಲರಾಡೋ ಅಂದ್ರೆ ಸ್ಪ್ಯಾನಿಷ್‌ನಲ್ಲಿ ಕೆಂಪು ಬಣ್ಣದ್ದು ಅಂತ. ಕೆಮ್ಮಣ್ಣು ಹೊತ್ತು ಹರೀತಿದ್ದ ನದಿ ಅದು. ಕೆಲವೇ ಮೈಲಿ ಮೇಲೆ ಗ್ಲೆನ್ ಕ್ಯಾನ್ಯನ್ ಅಣೆಕಟ್ಟು ಇದೆ, 710 ಅಡಿ ಎತ್ತರ. 1963ರಲ್ಲಿ ಅದರ ಹಿಂದೆ ನೀರು ನಿಲ್ಲೋಕೆ ಶುರುವಾಯ್ತು. ಮಣ್ಣೆಲ್ಲಾ ಪೊವೆಲ್ ಸರೋವರದಲ್ಲಿ ಉಳಿದು, ಕೆಳಗೆ ಬರೋದು ತಣ್ಣಗಿನ ತಿಳಿನೀರು. ಪೇಜ್ ಊರು ಹುಟ್ಟಿದ್ದೇ ಆ ಅಣೆಕಟ್ಟು ಕಟ್ಟೋ ಕೆಲಸಗಾರರಿಗಾಗಿ, ಅದೂ ನವಾಹೋ ಜನರಿಂದ ಬದಲಿಗೆ ಪಡೆದ ನೆಲದಲ್ಲಿ.

ಕಾವೇರಿ ಗಲಾಟೆ ಕೇಳಿಕೊಂಡೇ ಬೆಳೆದವರು ನಾವು. ನಮ್ಮ 1924ರ ಒಪ್ಪಂದ ಗೊತ್ತಲ್ಲ? ಅದಕ್ಕೆ ಎರಡು ವರ್ಷ ಮೊದಲು, 1922ರಲ್ಲಿ, ಏಳು ರಾಜ್ಯಗಳು ಕೂತು ಕೊಲರಾಡೋ ನೀರು ಹಂಚಿಕೊಂಡವು. ನದಿ ದಡದಲ್ಲೇ ಇದ್ದ ಬುಡಕಟ್ಟುಗಳನ್ನ ಆ ಮಾತುಕತೆಗೆ ಕರೀಲೇ ಇಲ್ಲ. ಇವತ್ತಿಗೂ ನವಾಹೋ ನಾಡಿನ ಹತ್ತು ಮನೆಗಳಲ್ಲಿ ಸುಮಾರು ಮೂರಕ್ಕೆ ನಲ್ಲಿ ನೀರಿಲ್ಲ. ಡ್ರಮ್ ತುಂಬಿಸಿಕೊಂಡು ಗಾಡಿಯಲ್ಲಿ ತರ್ತಾರೆ. ನಮಗೆ ನೀರು ಒದಗಿಸೋ ಹೊಣೆ ಸರ್ಕಾರದ್ದು ಅಂತ ಅವರು ಕೋರ್ಟಿಗೆ ಹೋದರು. 2023ರ ಜೂನ್‌ನಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ 5-4 ಮತಗಳಿಂದ ಇಲ್ಲ ಅಂತು. ಅದೇ ನದಿಯ ನೀರನ್ನ ಕಾಲುವೆಯಲ್ಲಿ ನೂರಾರು ಮೈಲಿ ಪಂಪ್ ಮಾಡಿ ಫೀನಿಕ್ಸ್‌ಗೆ ತರ್ತಾರೆ. ಅಲ್ಲಿ ಓದ್ತಿರೋ ನಮ್ಮವರ ಮನೆ ನಲ್ಲಿಗೂ ಅದು ಸೇರುತ್ತೆ.

ಈ ಕಥೆ ಗೊತ್ತಿಲ್ಲದೆ ನೋಡಿದ್ರೆ ಅದು ಬರೀ ವಾಲ್‌ಪೇಪರ್.

(6/7)

ಅದೇ ಅಂಚಿನಲ್ಲಿ ಇನ್ನೊಂದು ವಿಷಯ. ಕಬ್ಬಿಣದ ಕಂಬಿ ಇರೋದು ಸ್ವಲ್ಪ ಭಾಗಕ್ಕೆ ಮಾತ್ರ. ಉಳಿದ ಕಡೆ ಬಂಡೆ ಮುಗಿದ ಮೇಲೆ ಗಾಳಿ. ಜನ ಕಂಬಿ ಇರೋ ಜಾಗ ಬಿಟ್ಟು ಬೇಕಂತಲೇ ಆಚೆ ಹೋಗ್ತಾರೆ, ಯಾಕಂದ್ರೆ ಫ್ರೇಮ್‌ನಲ್ಲಿ ಕಂಬಿ ಬರಬಾರದು. ಕಾಲು ಇಳಿಬಿಟ್ಟು ಕೂರ್ತಾರೆ, ಬೆನ್ನು ತಿರುಗಿಸಿ ಹಿಂದಕ್ಕೆ ಒಂದು ಹೆಜ್ಜೆ ಇಡ್ತಾರೆ. ಅಲ್ಲಿ ಬಿದ್ದು ಸತ್ತವರಿದ್ದಾರೆ, ಅದರಲ್ಲಿ ಶಾಲೆಗೆ ಹೋಗೋ ವಯಸ್ಸಿನವರೂ ಇದ್ದಾರೆ. ಮರಳುಗಲ್ಲು ಗ್ರಾನೈಟ್ ತರ ಅಲ್ಲ, ಅಂಚು ಪುಡಿಯಾಗುತ್ತೆ. ಮೇಲೆ ಹರಡಿರೋ ಮರಳು ಕಾಲನ್ನ ಜಾರಿಸುತ್ತೆ.

ಒಂದೇ ದಿನ, ಅವೇ ಮನುಷ್ಯರು. ಮಧ್ಯಾಹ್ನ ಗೈಡ್ ಜತೆ ಇದ್ದಾಗ ಸಾಲಾಗಿ ನಡೆದವರು, ಸಂಜೆ ಗೈಡ್ ಇಲ್ಲ ಅಂದ ಕೂಡಲೇ ಮಂಗಗಳಾಗ್ತಾರೆ. "ನಮಗೇನು ಕಣ್ಣಿಲ್ವಾ?" ಅಂದವರಿಗೆ ನನ್ನ ಉತ್ತರ ಇಷ್ಟೇ: ಕಣ್ಣಿದೆ, ಅದು ಸ್ಕ್ರೀನ್ ಮೇಲಿದೆ.

(7/7)

ಸರಿ, ಏನು ಮಾಡಬೇಕು? ಸೇವ್ ಮಾಡಿಟ್ಕೊಳ್ಳಿ.

• ಜುಲೈಯಿಂದ ಸೆಪ್ಟೆಂಬರ್ ಮಳೆಗಾಲ. ಟೂರ್ ಕ್ಯಾನ್ಸಲ್ ಆದ್ರೆ ಕೌಂಟರ್‌ನಲ್ಲಿ ಕೂಗಾಡಬೇಡಿ. ನಿಮ್ಮ ತಲೆ ಮೇಲೆ ಬಿಸಿಲಿದ್ದರೂ ಸರಿ. ಆ 11 ಜನರನ್ನ ನೆನಪಿಸಿಕೊಳ್ಳಿ.

• ಗಡಿಯಾರ ನೋಡಿ. ಬೇಸಿಗೆಯಲ್ಲಿ ನವಾಹೋ ನಾಡು ಗಡಿಯಾರವನ್ನ ಒಂದು ಗಂಟೆ ಮುಂದಿಡುತ್ತೆ, ಅರಿಝೋನಾ ಇಡಲ್ಲ. ಪೇಜ್ ಸುತ್ತ ಫೋನ್ ತಾನಾಗೇ ಒಂದು ಗಂಟೆ ಹಾರುತ್ತೆ. ಟೂರ್ ನಡೆಯೋದು ಅರಿಝೋನಾ ಸಮಯಕ್ಕೆ.

• ಬ್ಯಾಗ್ ತರಬೇಡಿ, ಡ್ರೋನ್ ಎರಡೂ ಕಡೆ ನಿಷೇಧ. "ಒಂದ್ಸಲ ಹಾರಿಸ್ತೀನಿ ಅಷ್ಟೇ" ಅನ್ನೋ ಗೆಳೆಯನನ್ನ ನೀವೇ ತಡೀರಿ.

• ಗೈಡ್‌ಗೆ ಫೋನ್ ಕೊಡೋ ಮುಂಚೆ ಅವರ ಹೆಸರು ಕೇಳಿ. ಆಮೇಲೆ ಮೂರು ಪ್ರಶ್ನೆ: ಈ ಜಾಗಕ್ಕೆ ನಿಮ್ಮ ಭಾಷೆಯಲ್ಲಿ ಏನಂತೀರಿ? ಕಳೆದ ಸಲ ನೀರು ಎಲ್ಲೀವರೆಗೂ ಬಂದಿತ್ತು? ನಿಮ್ಮ ಮನೆಗೆ ನೀರು ಎಲ್ಲಿಂದ ಬರುತ್ತೆ? ಹೇಳೋಕೆ ಇಷ್ಟ ಇದ್ರೆ ಹೇಳ್ತಾರೆ. ಇಲ್ಲ ಅಂದ್ರೆ ಕೆದಕಬೇಡಿ, ಅವರೇನು ಪ್ರದರ್ಶನದ ವಸ್ತು ಅಲ್ಲ.

• ಟಿಪ್ಸ್ ಕೊಡಿ. ಐದು ಜನ ಸೇರಿ ಒಂದು ನೋಟು ಕೊಟ್ಟು ಜಾರಿಕೊಳ್ಳೋ ಅಭ್ಯಾಸ ಬಿಡಿ.

• ಹಾರ್ಸ್‌ಶೂ ಬೆಂಡ್‌ನಲ್ಲಿ ಕಂಬಿ ಹಿಂದೆ ನಿಂತು ಫೋಟೋ ತೆಗೀರಿ. ನದಿ ಅಲ್ಲಿಂದಲೂ ಪೂರ್ತಿ ಕಾಣುತ್ತೆ.

• ಪೋಸ್ಟ್ ಹಾಕುವಾಗ 'ನವಾಹೋ ನಾಡು' ಅಂತ ಬರೀರಿ. 'ಅರಿಝೋನಾದ ಒಂದು ಹಿಡನ್ ಜೆಮ್' ಅಂತ ಬೇಡ. ಅಲ್ಲಿ ಜನ ಇದ್ದಾರೆ, ಯಾರೂ ಅದನ್ನ ಬಚ್ಚಿಟ್ಟಿರಲಿಲ್ಲ.

ಒಪ್ಪಲ್ಲ ಅನ್ನೋರು ಕಾಮೆಂಟ್‌ಗೆ ಬನ್ನಿ, ಜಗಳ ಆಡೋಣ. ಒಪ್ಪೋರು ಮುಂದಿನ ಲಾಂಗ್ ವೀಕೆಂಡ್‌ಗೆ ಬುಕ್ ಮಾಡ್ತಿರೋ ಗೆಳೆಯರಿಗೆ ಕಳಿಸಿ. ಬುಕ್ ಆದ ಮೇಲೆ ಅಲ್ಲ, ಮುಂಚೆ.

#ನವಾಹೋನಾಡು #ಆಂಟಿಲೋಪ್‌ಕ್ಯಾನ್ಯನ್ #ಹಾರ್ಸ್‌ಶೂಬೆಂಡ್ #ಗೈಡ್‌ಅಂದ್ರೆಟ್ರೈಪಾಡ್‌ಅಲ್ಲ